ಕೊಟ್ಟ ಊರು ಯಾವುದು

ನನ್ನ ತಂಗಿ ಇರುವ ಊರನ್ನು ನಾನು ನೋಡಿಲ್ಲ. ಇನ್ನು ನೋಡುವುದೂ ಇಲ್ಲ ಅನ್ನಿಸುತ್ತದೆ. ಆದರೆ ಬೆಳಗಿನ ಬಿಸಿಲು ಆ ಊರಿನ ಯಾವ ಮನೆಯ ಮೇಲೆ ಮೊದಲು ಬೀಳುತ್ತದೆ ಎಂದು ಯಾರಾದರೂ ಕೇಳಿದರೆ ಹೇಳಬಲ್ಲೆ. ಮೇಲಿನ ಕೇರಿಯ ಕೊನೆಯ ಮನೆ. ಅಲ್ಲೊಬ್ಬ ನಿವೃತ್ತ ಪೋಸ್ಟ್‌ಮನ್ ಇದ್ದಾನೆ.

ಜರ್ಮನಿ ದೇಶದ ನಡುಭಾಗದಲ್ಲಿ ಎರಡು ಗುಡ್ಡ, ಮಧ್ಯೆ ಒಂದು ಹಳ್ಳ. ಹಳ್ಳದ ಈಚೆ ಕೆಳಗಿನ ಕೇರಿ, ಆಚೆ ಮೇಲಿನ ಕೇರಿ. ಎರಡನ್ನೂ ಸೇರಿಸಿದರೆ ಹೊಸದುರ್ಗ ತಾಲ್ಲೂಕಿನ ನಮ್ಮ ಹಳ್ಳಿಯ ಅರ್ಧ ಆಗುತ್ತದೋ ಇಲ್ಲವೋ. ಗುಡ್ಡದ ತಲೆಯ ಮೇಲೆ ಕಾಡು, ಸೊಂಟದಲ್ಲಿ ಹೊಲ, ಕಾಲ ಬುಡದಲ್ಲಿ ಮನೆಗಳು. ಮಣ್ಣು ಕೆಂಪಂತೆ. ಉತ್ತರೆ ಮಳೆ ಬಿದ್ದಾಗ ನಮ್ಮ ಹೊಲದ ಮಣ್ಣು ಯಾವ ಬಣ್ಣಕ್ಕೆ ತಿರುಗುತ್ತದೋ ಅದೇ ಬಣ್ಣ. ಅಂಗಡಿ ಇಲ್ಲ. ಇದ್ದ ಶಾಲೆ ಮುಚ್ಚಿದೆ. ವಾರಕ್ಕೆರಡು ಸಲ ರೊಟ್ಟಿ ಮಾರುವ ವ್ಯಾನು ಹಾರ್ನ್ ಹೊಡೆಯುತ್ತಾ ಬರುತ್ತದೆ, ಮುದುಕಿಯರು ಕೈಯಲ್ಲಿ ಚೀಲ ಹಿಡಿದು ಹೊರಗೆ ಬರುತ್ತಾರೆ.

ಇಷ್ಟೆಲ್ಲ ಗೊತ್ತಿದ್ದೂ ಹೇಳಬೇಕಾದ ದಿನ ಬಾಯಿ ಬಿಡದವನು ನಾನು. ಬಾಯಿ ಬಿಡದಿದ್ದುದಷ್ಟೇ ಅಲ್ಲ, ನಮ್ಮ ವಂಶ ಬರೆದಿಟ್ಟ ಪುಸ್ತಕದಲ್ಲಿ ಒಡಹುಟ್ಟಿದ ತಂಗಿಯ ಹೆಸರಿನ ಕೆಳಗೆ ಗೆರೆ ಎಳೆಸಿದೆ. ಅದನ್ನು ಹೇಳುವುದಕ್ಕೇ ಇದನ್ನು ಬರೆಯುತ್ತಿದ್ದೇನೆ. ಏಳನೇ ಇಯತ್ತೆಗೆ ಓದು ಬಿಟ್ಟವನು. ತಪ್ಪಿದ್ದರೆ ತಿದ್ದಿಕೊಂಡು ಓದಬೇಕು.

ಶ್ರೀರಾಂಪುರಕ್ಕೆ ಹೋಗುವ ರಸ್ತೆಯಲ್ಲಿ ನನ್ನದೊಂದು ಹಿಟ್ಟಿನ ಗಿರಣಿ ಇದೆ. ಅಪ್ಪನದು, ಆಮೇಲೆ ನನ್ನದು. ರಾಗಿ, ಜೋಳ, ಹಬ್ಬ ಬಂದರೆ ಕಡ್ಲೆಬೇಳೆ, ಖಾರದ ಪುಡಿಗೆ ಬೇರೆ ಮಷೀನು. ಮೂವತ್ತೈದು ವರ್ಷದಿಂದ ಆ ಸದ್ದಿನ ಒಳಗೆ ನಿಂತು ಕಿವಿ ಮಂದವಾಗಿದೆ. ಮೈಮೇಲೆ ಹಿಟ್ಟು ಕೂತು ಕೂತು ಕನ್ನಡಿಯಲ್ಲಿ ನೋಡಿಕೊಂಡಾಗ ಯಾವುದು ನರೆ, ಯಾವುದು ಹಿಟ್ಟು ಎಂದು ಒರೆಸಿಯೇ ತಿಳಿಯಬೇಕು. ಸಂಜೆ ಬೆಲ್ಟು ಕಳಚಿದ ಮೇಲೂ ತಲೆಯೊಳಗೆ ಕಲ್ಲು ತಿರುಗುತ್ತಲೇ ಇರುತ್ತದೆ.

ತಂಗಿ ನನಗಿಂತ ಎಂಟು ವರ್ಷಕ್ಕೆ ಚಿಕ್ಕವಳು. ನಾನು ಓದು ಬಿಟ್ಟು ಗಿರಣಿಗೆ ನಿಂತಿದ್ದರಿಂದಲೇ ಅವಳು ಓದಿದಳು ಎಂದು ಹತ್ತು ಕಡೆ ಹೇಳಿಕೊಂಡಿದ್ದೇನೆ. ನಿಜ ಬೇರೆ. ನನಗೆ ಓದು ಹತ್ತಲಿಲ್ಲ. ಅವಳಿಗೆ ಹತ್ತಿತು. ಚಿತ್ರದುರ್ಗದಲ್ಲಿ ನರ್ಸಿಂಗ್ ಮುಗಿಸಿದಳು, ಅಲ್ಲೇ ಒಂದು ಆಸ್ಪತ್ರೆಯಲ್ಲಿ ಕೆಲಸ ಮಾಡಿದಳು. ಜರ್ಮನಿಯಲ್ಲಿ ವಯಸ್ಸಾದವರನ್ನು ನೋಡಿಕೊಳ್ಳುವುದಕ್ಕೆ ನರ್ಸುಗಳು ಬೇಕಂತೆ ಎಂದು ಆ ಭಾಷೆ ಕಲಿತು ಅಲ್ಲಿಗೆ ಹೊರಟಳು. ಅಪ್ಪ ಆಗ ಇದ್ದರು. "ಹೋಗ್ಲಿ ಬಿಡು, ಮುದುಕರ ಸೇವೆ ತಾನೆ. ಎಲ್ಲಿ ಮಾಡಿದ್ರೂ ಒಂದೇ," ಅಂದರು. ಮರು ವರ್ಷ ಅಪ್ಪ ಲಿಂಗೈಕ್ಯರಾದರು. ಅವ್ವ ಅದಕ್ಕೂ ಮೊದಲೇ ಹೋಗಿದ್ದಳು. ತಂಗಿಗೆ ತವರು ಎಂದರೆ ಉಳಿದದ್ದು ನಾನು, ನನ್ನ ಹೆಂಡತಿ, ನನ್ನ ಮಗಳು.

ಪ್ರತಿ ಭಾನುವಾರ ಅವಳು ಫೋನಿಗೆ ಮಾತು ತುಂಬಿ ಕಳಿಸುತ್ತಿದ್ದಳು. ಅವಳಿಗೆ ಬೆಳಿಗ್ಗೆ, ನನಗೆ ಗಿರಣಿಯಲ್ಲಿ ಜನ ತುಂಬಿದ ಹೊತ್ತು. ಫೋನನ್ನು ಕಿವಿಗೊತ್ತಿಕೊಂಡು, ಇನ್ನೊಂದು ಕೈಯಲ್ಲಿ ಹಿಟ್ಟು ಬೀಳುವ ಬಾಯಿಗೆ ಚೀಲ ಹಿಡಿದು ಕೇಳುತ್ತಿದ್ದೆ. ಸುಸ್ತಾದಾಗ ಅರ್ಧಕ್ಕೆ ನಿಲ್ಲಿಸುತ್ತಿದ್ದೆ. ಉಳಿದದ್ದನ್ನು ಮನೆಯಲ್ಲಿ ಹೆಂಡತಿ ಕೇಳಿಸುತ್ತಿದ್ದಳು. ತನ್ನ ಕಷ್ಟವನ್ನು ತಂಗಿ ಹೇಳುತ್ತಿರಲಿಲ್ಲ. ಊರನ್ನು ಹೇಳುತ್ತಿದ್ದಳು.

"ಅಣ್ಣ, ಇಲ್ಲಿ ಹಳೇ ಮನೆ ಎಲ್ಲಾ ಮರದ ಚೌಕಟ್ಟು. ಮರದ ನಡುವೆ ಏನು ತುಂಬ್ಯಾರೆ ಹೇಳು? ಮಣ್ಣು, ಹುಲ್ಲು! ನಮ್ಮ ಅಜ್ಜಿ ಮನೆ ಗೋಡೆ ಹಂಗೇ. ಬಾಗ್ಲ ಮ್ಯಾಲೆ ಕಟ್ಟಿದ ಗಂಡ ಹೆಂಡ್ತಿ ಹೆಸರು, ಇಸವಿ ಕೆತ್ತಿರ್ತಾರೆ. ನಮ್ಮ ಪಕ್ಕದ ಮನೆಯೋರು ಆ ಹೆಸರಿನೋರಿಗೆ ಹದಿಮೂರನೇ ತಲೆ ಅಂತೆ. ಅದೇ ಮನೇಲಿ ಅವ್ರೆ."

ಇನ್ನೊಂದು ಭಾನುವಾರ ಊರ ಒಲೆಯ ವಿಚಾರ. ಕೇರಿ ನಡುವೆ ಒಂದು ಸಣ್ಣ ಕಲ್ಲಿನ ಮನೆ, ಅದರೊಳಗೆ ಊರಿಗೆಲ್ಲ ಒಂದೇ ದೊಡ್ಡ ಒಲೆ. ಹಿಂದೆ ಸೌದೆ ಮಿಗಲಿ ಎಂದು ಎಲ್ಲರೂ ಅಲ್ಲೇ ಸರದಿಯಲ್ಲಿ ರೊಟ್ಟಿ ಸುಡುತ್ತಿದ್ದರಂತೆ. ಯಾರ ಸರದಿ ಮೊದಲು ಎಂದು ಚೀಟಿ ಎತ್ತುತ್ತಿದ್ದರು, ಏಕೆಂದರೆ ಮೊದಲನೆಯವರಿಗೆ ಒಲೆ ಕಾಯಿಸುವ ಸೌದೆಯ ಭಾರ. ಈಗ ತಿಂಗಳಿಗೊಂದು ಶನಿವಾರ ಹೊತ್ತಿಸುತ್ತಾರೆ. "ನಾನೂ ಒಂದಿನ ಜೋಳದ ರೊಟ್ಟಿ ಬಡಿದೆ ಅಣ್ಣ. ಒಲೆಗೆ ಹಾಕಿದ್ರೆ ಹಪ್ಪಳ ಆತು. ಎಲ್ರೂ ಅದನ್ನೇ ಮುರ್ಕಂಡು ತಿಂದ್ರು ಪಾಪ, ಚೆನ್ನಾಗೈತೆ ಚೆನ್ನಾಗೈತೆ ಅಂತ."

ಆ ಊರಿನ ಹಿಂದಿನದನ್ನೂ ಹೇಳುತ್ತಿದ್ದಳು. ಯಾವುದೋ ಕಾಲದಲ್ಲಿ ಮೂವತ್ತು ವರ್ಷ ದಂಡುಗಳು ಹಾಯ್ದು ಹಾಯ್ದು, ಮೇಲೆ ಪ್ಲೇಗು ಬಂದು, ಊರಲ್ಲಿ ನಾಲ್ಕೋ ಐದೋ ಒಲೆ ಮಾತ್ರ ಹೊಗೆಯಾಡುತ್ತಿದ್ದವಂತೆ. ಗುಡಿಯ ಮುಂದೆ, ಅವರ ಚರ್ಚಿನ ಮುಂದೆ, ಒಂದು ಕಲ್ಲು. ಅದರ ತುಂಬ ಯುದ್ಧಕ್ಕೆ ಹೋಗಿ ಬಾರದ ಹುಡುಗರ ಹೆಸರು. ಒಂದೇ ಮನೆತನದ ಹೆಸರು ಐದು ಸಲ ಇದೆ. ಎರಡನೇ ಮಹಾಯುದ್ಧ ಮುಗಿದ ಮೇಲೆ ಮೂಡಲ ಸೀಮೆಯಿಂದ ಹೊರದಬ್ಬಿಸಿಕೊಂಡ ಜನ ಗಾಡಿಯಲ್ಲಿ ಪಾತ್ರೆ ಪಗಡ ಹೇರಿಕೊಂಡು ಬಂದು ಇಳಿದರು. ಒಂದೊಂದು ಮನೆಯಲ್ಲೂ ಒಂದೊಂದು ಕೋಣೆ ಬಿಡಿಸಿ ಅವರನ್ನು ಇರಿಸಿದರು. ಬಂದು ನಲವತ್ತು ವರ್ಷವಾದರೂ ಊರಿನವರು ಅವರನ್ನು ಹೊರಗಿನವರು ಎಂದೇ ಕರೆಯುತ್ತಿದ್ದರಂತೆ.

ಹಾಗೆ ಗಾಡಿಯಲ್ಲಿ ಬಂದ ಒಬ್ಬಳು ಈಗ ತೊಂಬತ್ತು ದಾಟಿ ತಂಗಿ ಕೆಲಸ ಮಾಡುವ ವೃದ್ಧಾಶ್ರಮದಲ್ಲಿದ್ದಾಳೆ. ಮರೆವು. ತಂಗಿ ದಿನಾ ಬೆಳಿಗ್ಗೆ ಅವಳ ಮುಖ ಒರೆಸಲು ಹೋದಾಗ ಆ ಮುದುಕಿ ದಿನಾ ಒಂದೇ ಪ್ರಶ್ನೆ ಕೇಳುತ್ತಾಳೆ. "ನೀನು ಯಾರ ಪೈಕಿ?" ತಂಗಿ ದಿನಾ ಅಪ್ಪನ ಹೆಸರು ಹೇಳುತ್ತಾಳೆ. ಮುದುಕಿ ಸ್ವಲ್ಪ ಯೋಚಿಸಿ, "ಹ್ಞಾ, ಗೊತ್ತು, ಒಳ್ಳೇ ಮನೆ," ಅನ್ನುತ್ತಾಳೆ. ಇದನ್ನು ಹೇಳುವಾಗ ತಂಗಿ ಬಿದ್ದು ಬಿದ್ದು ನಕ್ಕಿದ್ದಳು. ನಾನು ಅವತ್ತು ನಗಲಿಲ್ಲ. ಯಾರದೋ ರಾಗಿ ನುಚ್ಚಾಗುತ್ತಿದೆ ಎಂದು ಫೋನಿಟ್ಟೆ.

ಮೂರು ವರ್ಷದ ಮೇಲೆ ಒಂದು ದಿನ ಅವಳು ಮಾತು ತುಂಬಿ ಕಳಿಸಲಿಲ್ಲ, ನೇರ ಕರೆ ಮಾಡಿದಳು. ಅದೇ ಊರಿನವನೊಬ್ಬನನ್ನು ಮದುವೆಯಾಗುವುದಾಗಿ ಹೇಳಿದಳು. ಬಡಗಿ. ಮೊದಲ ಹೆಂಡತಿ ತೀರಿಕೊಂಡಿದ್ದಳು. "ನಿನ್ನ ಕೇಳ್ದಂಗೆ ಮಾಡ್ಕಳಲ್ಲ ಅಣ್ಣ. ಬ್ಯಾಡ ಅಂತೀಯೇನು?" ಅಂದಳು. ನಾನು ಬೇಡ ಅನ್ನಲಿಲ್ಲ. ಆಗಲಿ ಅಂತಲೂ ಅನ್ನಲಿಲ್ಲ. "ನಿನಗೆ ತಿಳಿದಂಗೆ ಮಾಡು," ಅಂದೆ. ಆ ಮಾತಿನಷ್ಟು ಕೈತೊಳೆದುಕೊಳ್ಳುವ ಮಾತು ಕನ್ನಡದಲ್ಲಿ ಇನ್ನೊಂದಿಲ್ಲ. ಮದುವೆ ಅಲ್ಲಿನ ಕಚೇರಿಯಲ್ಲಿ ಆಯಿತು. ಮರುವರ್ಷ ಹೆಣ್ಣುಮಗು.

ನಮ್ಮ ಕೇರಿಯಲ್ಲಿ ನನ್ನ ದಾಯಾದಿಗಳದೇ ಆರು ಮನೆ. ಯಾರೂ ನನ್ನನ್ನು ಕರೆದು ಕೇಳಲಿಲ್ಲ. ಕೇಳದೇ ಇದ್ದದ್ದೇ ನನಗೆ ಮುಳ್ಳಿನಂತಾಯಿತು. ಗಿರಣಿಗೆ ಬಂದವರು ಪಿಸುಗುಟ್ಟಿದರೆ ನಮ್ಮದೇ ವಿಷಯ ಅಂದುಕೊಳ್ಳುತ್ತಿದ್ದೆ. ಆ ಸದ್ದಿನಲ್ಲಿ ಯಾರು ಪಿಸುಗುಟ್ಟುತ್ತಾರೆ ಎಂದು ಈಗ ಅನ್ನಿಸುತ್ತದೆ.

ಇನ್ನು ಆ ಪೋಸ್ಟ್‌ಮನ್ ಮುದುಕನ ವಿಷಯ. ಕೆಲಸದಿಂದ ಇಳಿದ ಮೇಲೆ ಅವನು ತನ್ನ ಊರಿನ ಪುಸ್ತಕ ಬರೆಯಲು ಕುಳಿತಿದ್ದ. ಮನೆಗೊಂದು ಪುಟ. ಈ ಮನೆ ಯಾರು ಕಟ್ಟಿದರು, ಆಮೇಲೆ ಯಾರು ಬಂದರು, ಎಲ್ಲಿಂದ ಬಂದರು. ಚರ್ಚಿನಲ್ಲಿ ನಾನ್ನೂರು ವರ್ಷದಿಂದ ಹುಟ್ಟು ಸಾವು ಬರೆದಿಟ್ಟಿದ್ದಾರಂತೆ, ಅದನ್ನೆಲ್ಲ ಬಿಡಿಸಿ ಓದಿದ್ದ. ತಂಗಿಯ ಮನೆಗೆ ಬಂದಾಗ ಬಡಗಿಯ ಕಡೆಯದು ಅವನಿಗೆ ಗೊತ್ತೇ ಇತ್ತು. ಪೆನ್ನು ತೆಗೆದು ಅವಳ ಕಡೆ ತಿರುಗಿ, "ಈಗ ನಿಮ್ಮದು ಹೇಳಿ. ಊರು, ಹಿರಿಯರು, ಎಷ್ಟು ತಲೆ ಗೊತ್ತೋ ಅಷ್ಟು," ಅಂದನಂತೆ. ತಂಗಿಗೆ ಮೂರನೇ ತಲೆಗೆ ನಿಂತುಹೋಯಿತು.

ಆಗ ಅವಳಿಗೆ ಹೆಳವರು ನೆನಪಾದರು.

ನಮ್ಮ ಕಡೆ ವಂಶ ಬರೆಯುವವರು ಹೆಳವರು. ಹತ್ತು ಹದಿನೈದು ವರ್ಷಕ್ಕೊಮ್ಮೆ ಊರಿಗೆ ಬರುತ್ತಾರೆ. ತಮಗೆ ಸೇರಿದ ಮನೆಗಳ ಜಗಲಿಯಲ್ಲಿ ಕಂಬಳಿ ಹಾಸಿ ಕೂತು, ಪುಸ್ತಕ ಬಿಚ್ಚಿ, ಮೂಲಪುರುಷನಿಂದ ಹಿಡಿದು ಹಾಡಿದಂತೆ ಓದುತ್ತಾರೆ. ಹಿಂದಿನ ಸಲ ಬಂದ ಮೇಲೆ ಹುಟ್ಟಿದವರು, ಸತ್ತವರು, ಕೊಟ್ಟು ತಂದವರು, ಎಲ್ಲ ಕೇಳಿ ಸೇರಿಸುತ್ತಾರೆ. ರಾಗಿ, ಬಟ್ಟೆ, ಒಂದು ತಂಬಿಗೆ, ಕೈಲಾದದ್ದು ಕೊಟ್ಟು ಕಳಿಸಬೇಕು. ಹಿಂದೆ ಎತ್ತಿನ ಮೇಲೆ ಗಂಟೆ ಬಾರಿಸುತ್ತಾ ಬರುತ್ತಿದ್ದರು.

"ಈ ಸಲ ಬಂದ್ರೆ ಓದೋದನ್ನ ಪೂರಾ ರೆಕಾರ್ಡ್ ಮಾಡಿ ಕಳ್ಸು ಅಣ್ಣ," ಅಂದಳು. "ನನ್ನ ಮಗೀನೂ ಬರೆಸು. ನಮ್ಮ ಊರಿನ ಹೆಸರು ಹೇಳಕ್ಕೆ ಕಷ್ಟ ಅಂತ ಬಿಡಬ್ಯಾಡ. ನಾನು ಬಿಡಿಸಿ ಬಿಡಿಸಿ ಹೇಳ್ತೀನಿ, ಕಲ್ಕ." ಆ ಹೆಸರನ್ನು ಒಂದು ಭಾನುವಾರ ನಾಲ್ಕು ತುಂಡು ಮಾಡಿ ಹೇಳಿಕೊಟ್ಟಳು. ಕಲಿತೆ ಕೂಡ. ಖಾಲಿ ಗಿರಣಿಯಲ್ಲಿ ಗಟ್ಟಿಯಾಗಿ ಹೇಳಿ ನೋಡಿದ್ದೆ.

ಹೆಳವ ಬಂದದ್ದು ಹೋದ ವರ್ಷ ಸುಗ್ಗಿ ಮುಗಿದ ಮೇಲೆ. ಎತ್ತು ಇರಲಿಲ್ಲ, ಲಗೇಜ್ ಆಟೋದಲ್ಲಿ ಬಂದ. ಗಂಟೆ ಮಾತ್ರ ಹಳೆಯದು. ನನ್ನ ವಯಸ್ಸಿನವನು, ಕನ್ನಡಕ ಹಾಕಿದವನು. ನಮ್ಮ ಜಗಲಿ ಅಗಲವಾದ್ದರಿಂದ ಆರೂ ಮನೆಯವರು ಅಲ್ಲೇ ಸೇರಿದರು, ಹಿರಿಯ ಚಿಕ್ಕಪ್ಪನೂ ಸೇರಿ ಹತ್ತು ಜನ ಗಂಡಸರು. ಒಳಗೆ ಬಾಗಿಲ ಬಳಿ ಹೆಂಗಸರು. ಅವತ್ತೇ ಬೆಳಿಗ್ಗೆ ಹೊರಕೆರೆದೇವಪುರದಿಂದ ಫೋನು ಬಂದಿತ್ತು. ನನ್ನ ಮಗಳನ್ನು ಆ ಊರಿನ ಒಂದು ಮನೆಗೆ ಕೊಡುವ ಮಾತು ನಡೆದಿತ್ತು, ನೋಡಿ ಹೋಗಿದ್ದರು, ವಿಚಾರಿಸುತ್ತಿದ್ದರು. ಎಲ್ಲಿ ವಿಚಾರಿಸುತ್ತಾರೆ? ದಾಯಾದಿಗಳ ಹತ್ತಿರವೇ.

ಹೆಳವ ಓದಿದ. ತುಂಗಭದ್ರೆಯ ಆಚೆ ಇದ್ದವರು ನಾವಂತೆ. ಕುದುರೆ ದಂಡು ಹಾಯ್ದು ಊರು ಹಾಳಾದಾಗ ಅಣ್ಣತಮ್ಮಂದಿರಿಬ್ಬರು ಒಂದು ಬೀಸುಕಲ್ಲು ಹೊತ್ತು ಹೊಳೆ ದಾಟಿದರಂತೆ. ತುರುವನೂರು ಸೀಮೆಯಲ್ಲಿ ಒಂದು ತಲೆ, ಹೊಳಲ್ಕೆರೆ ಸೀಮೆಯಲ್ಲಿ ಎರಡು ತಲೆ ಬಾಳಿ ಇಲ್ಲಿಗೆ ಬಂದರಂತೆ. ಕೇಳುತ್ತಾ ಮೈ ಜುಮ್ಮೆಂದಿತು. ಫೋನನ್ನು ಕಂಬದ ಪಕ್ಕ ನಿಲ್ಲಿಸಿ ರೆಕಾರ್ಡ್ ಹಾಕಿದ್ದೆ. ಎಲ್ಲವೂ ತುಂಬಿಕೊಳ್ಳುತ್ತಿತ್ತು.

ನಮ್ಮ ಅಪ್ಪನ ಪುಟಕ್ಕೆ ಬಂದ. "ಒಬ್ಬ ಮಗ, ಒಬ್ಬ ಮಗಳು ಅಂತ ಹಿಂದ್ಲ ಸಲ ನಿಮ್ಮಪ್ಪಾರು ಬರೆಸ್ಯಾರೆ. ಹೆಣ್ಣುಮಕ್ಕಳ ಹೆಸ್ರು ಬರ್ಸೋರು ಕಡಿಮೆ, ಆ ಯಜಮಾನ್ರು ಬರೀಲೇಬೇಕು ಅಂದಿದ್ರು," ಎಂದು ನನ್ನ ಕಡೆಯದನ್ನೆಲ್ಲ ಬರೆದುಕೊಂಡ. ಆಮೇಲೆ ಕನ್ನಡಕ ಏರಿಸಿ ಕೇಳಿದ. "ಇನ್ನು ಮಗಳ ಕಡೆ ಹೇಳ್ರಿ. ಕೊಟ್ಟ ಊರು ಯಾವುದು?"

ಕೈ ತಾನೇ ಫೋನಿನ ಕಡೆ ಹೋಯಿತು. ರೆಕಾರ್ಡ್ ನಿಲ್ಲಿಸಿದೆ. ಇದನ್ನು ಯೋಚಿಸದೆ ಮಾಡಿದೆ ಎಂದು ಹೇಳಲಾರೆ.

"ದೂರ," ಅಂದೆ.

"ದೂರ ಅಂದ್ರೆ ಬಳ್ಳಾರಿ ಕಡಿಯಾ, ರಾಯಚೂರು ಕಡಿಯಾ? ಹೆಸ್ರು ಬಾಯಿಗೆ ಬರ್ಲಿಲ್ಲ ಅಂದ್ರೆ ಗುರ್ತು ಹೇಳ್ರಿ ಯಜಮಾನ್ರೆ. ಹಳ್ಳ, ಗುಡ್ಡ, ದೇವ್ರು, ಏನಾರ ಒಂದು. ಬರಕಂತೀನಿ."

ಹಳ್ಳ ಇತ್ತು. ಗುಡ್ಡ ಎರಡಿದ್ದವು. ಚರ್ಚು ಯಾವ ಸಂತನ ಹೆಸರಿನದು ಎಂಬುದೂ ಗೊತ್ತಿತ್ತು. ದೊಡ್ಡಪ್ಪನ ಮಗ, ಅಣ್ಣತಮ್ಮಂದಿರಲ್ಲಿ ಎಲ್ಲರಿಗೂ ಹಿರಿಯ, ಬಾಯಲ್ಲಿ ಎಲೆಅಡಿಕೆ ತುಂಬಿಕೊಂಡು ನಕ್ಕ. "ಹೇಳಲೇ ತಮ್ಮ, ನಾಚ್ಕಬ್ಯಾಡ. ಬಸ್ಸು ಹೋಗಲ್ಲ, ಇಮಾನ ಹತ್ಬೇಕು ಅಂತ ಹೇಳು." ಇಬ್ಬರು ಮೂವರು ನಕ್ಕರು.

"ಬಿಡ್ರಿ," ಅಂದೆ ಹೆಳವನಿಗೆ. "ಅದನ್ನೇನೂ ಬರೀಬ್ಯಾಡ್ರಿ."

"ಖಾಲಿ ಬಿಡಂಗಿಲ್ಲ. ಹೇಳ್ದಿದ್ರೆ ಗೆರೆ ಎಳೀಬೇಕಾಗತೈತೆ. ಮಕ್ಕಳಿಲ್ಲದಂಗೆ ಹೋದೋರಿಗೆ, ಪತ್ತೆ ಇಲ್ಲದೋರಿಗೆ ಎಳೀತೀವಲ್ಲ, ಅದು. ಆ ಕವಲು ಅಲ್ಲಿಗೆ ನಿಂತಂಗೆ. ನೋಡ್ರಿ ಮತ್ತೆ."

"ಎಳೀರಿ."

ಅವನು ತಕ್ಷಣ ಎಳೆಯಲಿಲ್ಲ. ಒಂದು ಸಲ ಸುತ್ತ ಕೂತವರನ್ನು ನೋಡಿದ. ಸ್ಕೇಲು ಹಿಡಿದು ಎಳೆದಷ್ಟು ನೇರವಾಗಿ, ನೀಲಿ ಶಾಯಿಯಲ್ಲಿ ಎಳೆದ. ಮುಂದಿನ ಪುಟಕ್ಕೆ ಹೋದ.

ಅವನಿಗೆ ಕೊಡಲು ಮೊರದಲ್ಲಿ ರಾಗಿ ಹಿಡಿದು ಬಾಗಿಲಲ್ಲಿ ನಿಂತಿದ್ದ ನನ್ನ ಹೆಂಡತಿ ಎಲ್ಲ ಕೇಳಿಸಿಕೊಂಡಿದ್ದಳು. ಜನ ಚದುರಿದ ಮೇಲೆ ಕಂಬಳಿ ಕೊಡವುತ್ತಾ ಅಂದಳು. "ಅವ್ಳನ್ನ ಬಿಡ್ರಿ, ಅವ್ಳು ದೊಡ್ಡೋಳು. ಆ ಕೂಸು ಹುಟ್ಟೇ ಇಲ್ಲ ಅಂದಂಗಾತಲ್ರಿ."

ನಾನು ಹೇಳಿದೆ, "ನಮ್ಮ ಮಗಳ ಸಂಬಂಧ ಕೆಡಬಾರದು ಅಂತ."

"ನನ್ನ ಮಗಳ ಮ್ಯಾಲೆ ಹಾಕಬ್ಯಾಡ್ರಿ ಅದನ್ನ," ಅಂದಳು. ಆ ಸಂಬಂಧ ಕೂಡಿಬರಲೂ ಇಲ್ಲ. ಹುಡುಗ ಬೇರೆ ಯಾರನ್ನೋ ಒಪ್ಪಿಕೊಂಡಿದ್ದನಂತೆ.

ಆ ಭಾನುವಾರ ತಂಗಿ ಕರೆ ಮಾಡಿದಳು. "ಬರೆಸಿದ್ಯಾ ಅಣ್ಣ?"

"ಬರೆಸ್ದೆ."

"ಮಗೀಂದು?"

"ಹ್ಞೂ."

"ಊರಿನ ಹೆಸ್ರು ಬರೆಯೋಕೆ ಬಂತಾ ಅವ್ನಿಗೆ?"

"ಏನೋ ಬರ್ಕಂಡ," ಅಂದೆ. ಬೆಲ್ಟು ಜಾರಿತು ಎಂದು ಸುಳ್ಳು ಹೇಳಿ ಫೋನಿಟ್ಟೆ. ಅರ್ಧಕ್ಕೆ ನಿಲ್ಲಿಸಿದ್ದ ರೆಕಾರ್ಡನ್ನು ಹಾಗೇ ಕಳಿಸಿದೆ.

ಆಮೇಲೆ ಅವಳು ಕಳಿಸಿದ ಮಾತನ್ನು ನಾನು ಎರಡು ಸಲ ಕೇಳಿದ್ದೇನೆ. ಮೂರನೆಯ ಸಲ ಕೇಳುವ ಧೈರ್ಯ ಬಂದಿಲ್ಲ. ಊರ ಒಲೆ ಹೊತ್ತಿಸಿದ ಶನಿವಾರ ಆ ಪೋಸ್ಟ್‌ಮನ್ ಎಲ್ಲರನ್ನೂ ಬೆಂಚುಗಳ ಮೇಲೆ ಕೂರಿಸಿ ನಮ್ಮ ಹೆಳವನ ಓದನ್ನು ಕೇಳಿಸಿದನಂತೆ. ಒಂದಕ್ಷರ ತಿಳಿಯದಿದ್ದರೂ ಮುದುಕರು ಟೋಪಿ ತೆಗೆದು ತೊಡೆಯ ಮೇಲಿಟ್ಟುಕೊಂಡು ಕೇಳಿದರಂತೆ. ತಂಗಿ ಪಕ್ಕದಲ್ಲಿ ನಿಂತು ಹೊಳೆ ದಾಟಿದ್ದು, ಬೀಸುಕಲ್ಲು ಹೊತ್ತದ್ದು ಬಿಡಿಸಿ ಹೇಳಿದಳು. ಮೂಡಲ ಸೀಮೆಯಿಂದ ಬಂದವರ ಪೈಕಿ ಒಬ್ಬ ಮುದುಕ ಎದ್ದು, "ನಮ್ಮವ್ವ ಹೊಲಿಗೆ ಮಷೀನು ಹೊತ್ತು ತಂದಿದ್ದಳು," ಅಂದನಂತೆ. ಪುಸ್ತಕದಲ್ಲಿ ತಂಗಿಯ ಮನೆಯ ಪುಟಕ್ಕೆ ನಮ್ಮ ಊರು, ನಮ್ಮ ಹೊಳೆ, ನಮ್ಮ ಒಂಬತ್ತು ತಲೆ ಹತ್ತಿದವು. ನನ್ನ ಹೆಸರೂ ಇದೆಯಂತೆ. ಅವಳ ಅಣ್ಣ, ಗಿರಣಿ ನಡೆಸುವವನು, ಎಂದು.

"ಬೇಸಿಗೆಗೆ ಬರ್ತೀವಿ ಅಣ್ಣ, ಮೂರು ಜನಾನೂ. ಹೆಳವರ ಊರಿಗೆ ಹೋಗಾಣ. ಮಗಳಿಗೆ ಆ ಪುಟ ತೋರಿಸ್ಬೇಕು," ಅಂದಳು.

ಅದನ್ನು ಕೇಳಿದ ಮೇಲೆ ಗಿರಣಿಯಲ್ಲಿ ಒಬ್ಬರ ಜೋಳ ಇನ್ನೊಬ್ಬರ ಚೀಲಕ್ಕೆ ಹಾಕಿ ಬೈಸಿಕೊಂಡೆ. ಒಂದು ತಿಂಗಳು ಹಾಗೆ ಕಳೆದು, ಒಂದು ಸೋಮವಾರ ಬಾಗಿಲು ಹಾಕಿ ಹೊರಟೆ. ಹೊಳಲ್ಕೆರೆಯಲ್ಲಿ ಬಸ್ಸು ಬದಲಿಸಿ, ಕೇಳುತ್ತಾ ಕೇಳುತ್ತಾ ಹೆಳವನ ಮನೆ ಹುಡುಕಿದೆ. ಶೀಟು ಹೊದಿಸಿದ ಎರಡು ಅಂಕಣದ ಮನೆ. ಅವನು ಮೊಮ್ಮಗಳಿಗೆ ಜಡೆ ಹಾಕುತ್ತಾ ಕೂತಿದ್ದ. ನನ್ನ ಗುರುತು ಹತ್ತಲಿಲ್ಲ. ನಮ್ಮ ಕುಲದ ಬೆಡಗು ಹೇಳಿದ ಮೇಲೆ, "ಓ, ಬೀಸುಕಲ್ಲಿನೋರು! ಕುಂತ್ಕಳ್ರಿ," ಅಂದ. ಪುಸ್ತಕ ತೆಗೆದು ಪುಟ ತೋರಿಸಿದ. ಗೆರೆ ಹಾಗೇ ಇತ್ತು.

ನಾನು ಎಲ್ಲ ಹೇಳಿದೆ. ಯಾಕೆ ಎಳೆಸಿದೆ ಎಂಬುದನ್ನೂ ಹೇಳಿದೆ. "ಈಗ ಅಳ್ಸಿ ಬರೀರಿ ಸ್ವಾಮಿ. ಊರಿನ ಹೆಸ್ರು ಹೇಳ್ತೀನಿ," ಅಂದೆ.

ಅವನು ಜಡೆ ಮುಗಿಸಿ, ಮಗುವನ್ನು ಆಚೆ ಕಳಿಸಿ, ಕನ್ನಡಕ ತೆಗೆದ. "ಅಳ್ಸಂಗಿಲ್ರಿ. ಪಕ್ಕದಾಗೆ ಬರೀಬೌದು. ಆದ್ರೆ ಹತ್ತು ಜನದ ಮುಂದೆ ಎಳದದ್ದು, ಹತ್ತು ಜನದ ಮುಂದೇ ಬರೀಬೇಕು. ನೀವೊಬ್ರೇ ಬಂದು ಕಿವಿಯಾಗೆ ಹೇಳಿದ್ದನ್ನ ನಾನು ಬರಕಂಡ್ರೆ, ನಾಳೆ ಇನ್ನೊಬ್ಬ ಬಂದು ನಿಮ್ಮ ಹೆಸ್ರು ತೆಗಿ ಅಂತಾನೆ. ಆಗ ಏನು ಮಾಡ್ಲಿ?"

ನಾನು ಪುಸ್ತಕವನ್ನು ಅವನ ಕಡೆ ಸರಿಸಿದೆ.

"ಅವತ್ತು ಕುಂತಿದ್ದೋರನ್ನ ಕರೀರಿ. ಅದೇ ಜಗಲಿ ಮ್ಯಾಲೆ ನೀವು ಬಾಯಿಬಿಟ್ಟು ಹೇಳ್ರಿ. ಬರ್ತೀನಿ. ನನಗೇನೂ ಕೊಡಬ್ಯಾಡ್ರಿ, ಒಂದು ಲೋಟ ಮಜ್ಜಿಗೆ ಕೊಟ್ರೆ ಸಾಕು. ಆದ್ರೆ ನಾನೀಗ ಹಿರಿಯೂರು ಕಡೆ ಹೊಂಟೀನಿ. ಅಲ್ಲಿ ಮನೆಗಳು ಮುಗಿದ ಮ್ಯಾಲೆ."

ಮರುದಿನ ದೊಡ್ಡಪ್ಪನ ಮಗನ ಮನೆಗೆ ಹೋದೆ. ಅವನು ಹಿತ್ತಲಲ್ಲಿ ತೆಂಗಿನಕಾಯಿ ಸುಲಿಯುತ್ತಿದ್ದ. ನಿಂತೇ ಹೇಳಿದೆ. ಹೆಳವನನ್ನು ಮತ್ತೆ ಕರೆಸುತ್ತಿದ್ದೇನೆ, ತಂಗಿಯ ಕಡೆಯದು ಬರೆಸಬೇಕು, ನೀನು ಬಂದು ಕೂರಬೇಕು, ಅವತ್ತು ನಿಮಗೆಲ್ಲ ಹೆದರಿ ಹಾಗೆ ಮಾಡಿದೆ ಅಂದೆ.

ಅವನು ಕೈಯಲ್ಲಿದ್ದ ಕಾಯಿ ಕೆಳಗೆ ಹಾಕಿದ. "ಯಾರಿಗೆ ಹೆದರಿದ್ಯಾ?"

"ನಿಮಗೆ."

"ನಾವ್ಯಾರಾದ್ರೂ ಬ್ಯಾಡ ಅಂದಿದ್ವೇನ್ಲೇ? ಒಂದು ಮಾತು ಅಂದಿದ್ವಾ? ಆ ಊರಿನ ಹೆಸ್ರು ನೀನು ಹೆಂಗೆ ಹೇಳ್ತೀಯ ನೋಡಾಣ ಅಂತ ನಗ್ತಾ ಕುಂತಿದ್ರೆ, ಸತ್ತೋರಿಗೆ ಎಳ್ದಂಗೆ ಗೆರೆ ಎಳೆಸ್ದೆ. ನಾನು ಮನೀಗೆ ಬಂದು ನಿನ್ನತ್ತಿಗೆ ಹತ್ರ ಅಂದೆ, ಇವ್ನು ಎಂಥ ಕಲ್ಲು ಅಂತ. ನನ್ನ ಸ್ವಂತ ತಂಗಿ ಆಗಿದ್ರೆ…" ಮತ್ತೊಂದು ಕಾಯಿ ತೆಗೆದುಕೊಂಡು ಸುಲಿಯತೊಡಗಿದ. "ಬರ್ತೀನಿ ಹೋಗು. ನಮ್ಮ ಹೆಸ್ರಿಗೆ ಮಾತ್ರ ಹಾಕಬ್ಯಾಡ ಅದನ್ನ."

ಹಿತ್ತಲಿಂದ ಮನೆಗೆ ಐವತ್ತು ಹೆಜ್ಜೆ. ಅಷ್ಟು ನಡೆಯದೆ ನಡುವೆ ಒಂದು ಕಲ್ಲಿನ ಮೇಲೆ ಕೂತೆ. ಅಲ್ಲಿಯವರೆಗೆ ನನ್ನ ಹತ್ತಿರ ಒಂದು ಕಾರಣವಾದರೂ ಇತ್ತು. ಜನ, ಕೇರಿ, ಮಗಳ ಮದುವೆ. ಅವನು ಅದನ್ನೂ ಕಿತ್ತುಕೊಂಡ. ಉಳಿದದ್ದು ನಾನು. ಅವಳು ನನ್ನನ್ನು ದಾಟಿ ಎಷ್ಟೋ ದೂರ ಹೋದಳು, ಹೋದಲ್ಲೂ ಅವಳನ್ನು ಯಾರ ಪೈಕಿ ಎಂದು ಕೇಳಿ ಕೂರಿಸಿಕೊಂಡರು. ನಾನು ಹುಟ್ಟಿದ ಜಾಗದಲ್ಲೇ ಹಿಟ್ಟು ಮೆತ್ತಿಕೊಂಡು ನಿಂತಿದ್ದೆ. ಆ ಜಗಲಿಯ ಮೇಲೆ ಒಂದು ಗಳಿಗೆ ಅವಳಿಗಿಂತ ದೊಡ್ಡವನಾಗುವ ಅವಕಾಶ ಸಿಕ್ಕಿತು. ತೆಗೆದುಕೊಂಡೆ. ಇದಕ್ಕಿಂತ ಚೆನ್ನಾಗಿ ಇದನ್ನು ಹೇಳಲು ನನಗೆ ಬರುವುದಿಲ್ಲ.

ಆ ಭಾನುವಾರ ಗಿರಣಿ ತೆಗೆಯಲಿಲ್ಲ. ನಾನೇ ಕರೆ ಮಾಡಿದೆ. ಮೊದಲಿಂದ ಕೊನೆಯವರೆಗೂ ಹೇಳಿದೆ. ಅವಳ ಹಿಂದೆ ಮಗು ಆ ಭಾಷೆಯಲ್ಲಿ ಏನೋ ಹಾಡಿಕೊಳ್ಳುತ್ತಿತ್ತು.

"ಎಳೀರಿ ಅಂತ ನೀನೇ ಅಂದ್ಯಾ, ಅವನೇ ಎಳದ್ನಾ?" ಎಂದು ಕೊನೆಗೆ ಕೇಳಿದಳು.

"ನಾನೇ ಅಂದೆ."

"ಎಷ್ಟು ಸಲ ಕೇಳ್ದ?"

"ಎರಡು ಸಲ."

ಮಗುವಿಗೆ ಆ ಭಾಷೆಯಲ್ಲಿ ಏನೋ ಹೇಳಿದಳು, ಹಾಡು ನಿಂತಿತು. ಆಮೇಲೆ ಅಳದೆ, ಬೈಯದೆ, ರೋಗಿಗಳಿಗೆ ಮಾತ್ರೆ ಹೇಳುವ ದನಿಯಲ್ಲಿ ಅಂದಳು. "ಬೇಸಿಗೆಗೆ ನಾವು ಬರಲ್ಲ ಅಣ್ಣ. ನೀನು ಹೆಳವನ್ನ ಕರೆಸು. ನಾನಿಲ್ಲದಾಗ ಎಳೆಸೀಯ, ನಾನಿಲ್ಲದಾಗೇ ಬರೆಸು. ನಾನು ಬಂದು ಮುಂದೆ ನಿಂತಿದ್ರೆ ನನ್ನ ಮುಖ ನೋಡಿ ಹೇಳ್ತೀಯ. ಅದು ಬ್ಯಾಡ."

"ಬರೆಸಿದ ಮೇಲೆ ರೆಕಾರ್ಡ್ ಕಳಿಸ್ಲಾ?"

"ಬ್ಯಾಡ. ಬರೆಸ್ದೆ ಅಂತ ಹೇಳು, ಸಾಕು. ಹೋದ ಸಲಾನೂ ನೀನು ಹೇಳಿದ್ದನ್ನೇ ನಂಬಿದ್ದೆ." ಫೋನಿಟ್ಟಳು.

ಇದಾಗಿ ನಾಲ್ಕು ತಿಂಗಳಾಯಿತು. ಅವಳ ಭಾನುವಾರದ ಮಾತು ನಿಂತಿದೆ. ನನ್ನ ಹೆಂಡತಿಗೆ ಬೇರೆಯಾಗಿ ಕಳಿಸುತ್ತಾಳೆ ಎಂದು ಗೊತ್ತು. ನಾನು ಬಂದಾಗ ಇವಳು ಫೋನನ್ನು ಸೆರಗಿನಡಿ ಇಟ್ಟುಕೊಳ್ಳುತ್ತಾಳೆ, ನಾನೂ ಕೇಳುವುದಿಲ್ಲ. ಆ ಊರಿನ ಹಳ್ಳದಲ್ಲಿ ಈಗ ನೀರಿದೆಯೋ ಬತ್ತಿದೆಯೋ ನನಗೆ ತಿಳಿಯದು.

ಹೆಳವ ಇನ್ನೂ ಹಿರಿಯೂರು ಕಡೆಯೇ ಇದ್ದಾನೆ. ಫೋನು ಮಾಡಿದರೆ ಇನ್ನೆರಡು ಊರು ಅನ್ನುತ್ತಾನೆ. ಅಷ್ಟರಲ್ಲಿ ಅವತ್ತು ಜಗಲಿಯಲ್ಲಿ ಕೂತಿದ್ದವರನ್ನೆಲ್ಲ ಒಬ್ಬೊಬ್ಬರನ್ನಾಗಿ ಕಂಡು ಬಂದೆ. ಬರುತ್ತೇವೆ ಅಂದರು. ಹಿರಿಯ ಚಿಕ್ಕಪ್ಪನ ಮನೆಗೆ ಕೊನೆಯಲ್ಲಿ ಹೋಗೋಣ ಎಂದು ಇಟ್ಟುಕೊಂಡಿದ್ದೆ. ತಂಗಿಯನ್ನು ಹೆಗಲ ಮೇಲೆ ಹೊತ್ತು ಆಡಿಸಿದವರು ಅವರು, ಅವರಿಗೆ ಹೇಳುವುದು ಕಷ್ಟ ಎಂದು ಇವತ್ತು ನಾಳೆ ಅನ್ನುತ್ತಾ ಹೋದೆ. ಹೋದ ತಿಂಗಳು ಅವರು ತೀರಿಕೊಂಡರು. ಮಣ್ಣಿಗೆ ಹೋದಾಗ ಅವರ ಮಗ, "ಅಪ್ಪನ ಬದ್ಲು ನಾನು ಬಂದು ಕುಂತ್ಕಂತೀನಿ ಬಿಡಣ್ಣ, ಹತ್ತು ಜನ ಆಗತೈತೆ," ಅಂದ.

ಹತ್ತು ಜನ ಆಗುತ್ತದೆ, ನಿಜ. ಆದರೆ ಚಿಕ್ಕಪ್ಪ ಅವತ್ತು ನನ್ನ ಬಾಯಿಂದ ಕೇಳಿಸಿಕೊಂಡ "ಎಳೀರಿ" ಎಂಬ ಮಾತನ್ನೇ ಕೊನೆಯ ಮಾತಾಗಿ ತೆಗೆದುಕೊಂಡು ಹೋದರು.